ಯಲ್ಲಾಪುರದ ದನಗಳ ಬೇಸರ

ನಮ್ಮ ವಿಶ್ವೇಶ್ವರ ಹೆಗಡೆ ಡಾಕ್ಟರು ಯಲ್ಲಾಪುರ ಪಟ್ಟಣ ಪಂಚಾಯ್ತಿಯ ಅಧ್ಯಕ್ಷರಾದ ಮೇಲೆ ಮಾಡಿದ ಮೊದಲ ಘನಕಾರ್ಯವೆಂದರೆ ಬಸ್‌ಸ್ಟ್ಯಾಂಡಿನ ಎದುರು ಒಂದು ಫ್ಲೆಕ್ಸ್ ಕಟ್ಟಿಸಿದ್ದು. ಅದರಲ್ಲಿ ಎಡಗಡೆ ಡಾಕ್ಟರು, ಬಲಗಡೆ ಒಂದು ದನ, ಇಬ್ಬರೂ ಒಬ್ಬರ ಕಣ್ಣಲ್ಲಿ ಒಬ್ಬರು ಕಣ್ಣಿಟ್ಟು ನೋಡುತ್ತಿದ್ದರು. ಮೇಲೆ ‘ಮೂಕ ಮನಸ್ಸುಗಳ ಮಿತ್ರ’ ಎಂದು ಬರೆದಿತ್ತು. ಫ್ಲೆಕ್ಸ್ ಮಾಡಿದವನು ದನದ ಚಿತ್ರವನ್ನು ಎಲ್ಲಿಂದಲೋ ಇಳಿಸಿಕೊಂಡಿದ್ದ. ಹಿಮದ ಬೆಟ್ಟದ ಮುಂದೆ ನಿಂತ ಪರದೇಶದ ದನ, ಕುತ್ತಿಗೆಗೆ ಕೊಡಪಾನದಷ್ಟು ದೊಡ್ಡ ಗಂಟೆ. ಆಯುಷ್ಯವಿಡೀ ಮಲೆನಾಡು ಗಿಡ್ಡ ದನಗಳ ಹಿಂದೆ ಬಗ್ಗಿ ನಿಂತು ಸೊಂಟ ಹಿಡಿಸಿಕೊಂಡ ಮನುಷ್ಯನ ಪಕ್ಕದಲ್ಲಿ ಅದನ್ನು ನೋಡಿ ನನಗೆ ಮೈ ಉರಿಯಿತು. ಡಾಕ್ಟರು ಮಾತ್ರ ಓಮ್ನಿ ನಿಲ್ಲಿಸಲು ಹೇಳಿ, ಗಾಜು ಇಳಿಸಿ, ಬಹಳ ಹೊತ್ತು ನೋಡಿದರು.

“ಚೊಲೋ ಬಂಜು ಮುನಾಫ್,” ಎಂದರು. “ದನ ಮಾತ್ರ ಸ್ವಲ್ಪ ಬಡಕಲಾಯ್ದು, ಅಲ್ದಾ?”

ಮುನಾಫ್ ಎಂದರೆ ನಾನೇ. ಡಾಕ್ಟರು ಸರ್ಕಾರಿ ಪಶು ಆಸ್ಪತ್ರೆಯಲ್ಲಿ ಇದ್ದಷ್ಟು ಕಾಲವೂ ಇಲಾಖೆಯ ಜೀಪು ಗ್ಯಾರೇಜಿನಲ್ಲಿ ಇರುತ್ತಿತ್ತು. ಹಾಗಾಗಿ ನನ್ನ ಓಮ್ನಿಯೇ ಅವರಿಗೆ ಜೀಪು. ಬೆಳಗಿನ ಜಾವ ಅವರ ಮನೆಯ ಫೋನು ಹೊಡೆದುಕೊಂಡರೆ ಎತ್ತುತ್ತಿದ್ದವರು ಅವರ ಹೆಂಡತಿ, ನಾನು ಅಕ್ಕ ಎಂದು ಕರೆಯುತ್ತಿದ್ದವರು. ಡಾಕ್ಟರಿಗೆ ದನದ ಕೆಚ್ಚಲು ಗೊತ್ತು, ಗರ್ಭ ಗೊತ್ತು. ಅದು ಯಾರ ಮನೆಯದು, ಹೆಸರೇನು, ಹೋದ ಸಲ ಕರು ಹೇಗೆ ಬಂತು ಎಂಬುದೆಲ್ಲ ಗೊತ್ತಿದ್ದದ್ದು ಅಕ್ಕನಿಗೆ. “ಇಡಗುಂದಿಯಿಂದ ಫೋನು, ಗೌರಿಗೆ ಕರು ಅಡ್ಡ ಸಿಕ್ಕಿದ್ದಡ, ಬೇಗ ಹೊರಡಿ” ಎಂದು ಅವರು ಅಡುಗೆಮನೆಯಿಂದ ಕೂಗಿದರೆ ಡಾಕ್ಟರು ಅಂಗಿಯ ಗುಂಡಿ ಹಾಕುತ್ತಲೇ ಓಮ್ನಿ ಹತ್ತುತ್ತಿದ್ದರು. ವಾಪಸು ಬರುವಾಗ ಗಾಡಿಯ ತುಂಬ ಸಗಣಿ, ಲೈಸಾಲು, ಗಿಣ್ಣದ ಹಾಲಿನ ವಾಸನೆ. ಆಗ ಮೂಗು ಮುಚ್ಚಿಕೊಂಡು ಬೈಯುತ್ತಿದ್ದೆ. ಈಗ ಅದೇ ವಾಸನೆ ಎಲ್ಲಾದರೂ ಬಂದರೆ ಗಾಡಿ ನಿಧಾನ ಮಾಡುತ್ತೇನೆ.

ಅಕ್ಕ ತೀರಿಕೊಂಡ ವರ್ಷವೇ ಡಾಕ್ಟರು ನಿವೃತ್ತರಾದರು. ಫೋನು ಸುಮ್ಮನಾಯಿತು. ಪಕ್ಷದವರು ಬಂದು ಚುನಾವಣೆಗೆ ನಿಲ್ಲುತ್ತೀರಾ ಎಂದು ಕೇಳಿದಾಗ, ಅವರು ತಂದ ಹಾರ ಚೀಲದಿಂದ ಹೊರಗೆ ಬರುವ ಮೊದಲೇ ಡಾಕ್ಟರು ಒಪ್ಪಿದ್ದರು. ಅಧ್ಯಕ್ಷರ ಮನೆಗೆ ಫೋನು ಬರುತ್ತದೆ ಎಂದು ಅವರಿಗೆ ಯಾರೋ ಹೇಳಿದ್ದರು. ಅದು ಸುಳ್ಳೇನೂ ಆಗಲಿಲ್ಲ. ಬೆಳಗಾದರೆ ಫೋನು, ಎಲ್ಲವೂ ಚರಂಡಿಯದ್ದು, ಬೀದಿದೀಪದ್ದು, ಪಕ್ಕದ ಮನೆಯವನ ಗೋಡೆಯದ್ದು. ಒಂದು ಸಲ ಯಾರೋ “ನಮ್ಮನೆ ಮುಂದಿನ ಚರಂಡಿ ಕಟ್ಟಿದೆ ಸಾರ್” ಎಂದಾಗ ಡಾಕ್ಟರು ಅಭ್ಯಾಸಬಲದಿಂದ “ಎಷ್ಟು ದಿನದಿಂದ? ಜ್ವರ ಇದೆಯಾ?” ಎಂದು ಕೇಳಿಬಿಟ್ಟರು. ವಿರೋಧ ಪಕ್ಷದವರು ಅದನ್ನು ಇವತ್ತಿಗೂ ಸಭೆಯಲ್ಲಿ ಎತ್ತುತ್ತಾರೆ.

ಇಷ್ಟಾದರೂ ಡಾಕ್ಟರು ತಮ್ಮ ಭಾಷಣ ಬದಲಾಯಿಸಲಿಲ್ಲ. ಹೊಲಿಗೆ ತರಗತಿಯ ಉದ್ಘಾಟನೆಯಿರಲಿ, ನೀರಿನ ಟಾಂಕಿಯ ಪೂಜೆಯಿರಲಿ, ಮಾತು ಒಂದೇ. “ದನ ಮೇವು ಬಿಟ್ಟರೆ ಹೊಟ್ಟೆ ಮುಟ್ಟುವ ಮೊದಲು ಮನಸ್ಸು ಮುಟ್ಟಿ. ಪ್ರಾಣಿಗೂ ಬೇಸರ ಬರುತ್ತದೆ. ಮನುಷ್ಯರಿಗೂ ಬರುತ್ತದೆ. ಹೇಳಿಕೊಳ್ಳಲು ನಾಚಿಕೆ ಬೇಡ.” ಇದನ್ನೇ ಹೇಳಿ ಹೇಳಿ ಜಿಲ್ಲೆಯ ಅಧಿಕಾರಿಗಳ ತಲೆ ತಿಂದು, ಮನಸ್ಸಿನ ಕಷ್ಟ ಕೇಳುವ ಒಬ್ಬ ಆಪ್ತಸಮಾಲೋಚಕಿಯನ್ನು ಪ್ರತಿ ಮಂಗಳವಾರಕ್ಕೆ ಊರಿಗೆ ತಂದೇಬಿಟ್ಟರು. ಶಿರಸಿಯ ನಾಜಿಯಾ, ಮೆತ್ತಗೆ ಮಾತಾಡುವ ಹೆಂಗಸು. ಜನ ಬಂದರೆ ಮಾತ್ರ ಈ ವ್ಯವಸ್ಥೆ ಮುಂದುವರಿಯುತ್ತದೆ, ಇಲ್ಲವಾದರೆ ಬೇರೆ ತಾಲೂಕಿಗೆ ಹೋಗುತ್ತದೆ ಎಂದು ಜಿಲ್ಲೆಯವರು ಮೊದಲೇ ಹೇಳಿದ್ದರು.

ನಾಜಿಯಾಗೆ ಕೊಟ್ಟ ಕೋಣೆ ಪಂಚಾಯ್ತಿಯ ಹಳೇ ಕಟ್ಟಡದ್ದು. ಬಾಗಿಲು ರಸ್ತೆಗೆ, ಎದುರಿಗೆ ಚಹಾದ ಅಂಗಡಿ. ಆ ಅಂಗಡಿಯ ಬೆಂಚಿನಲ್ಲಿ ಕೂತವರಿಗೆ ಊರಿನಲ್ಲಿ ಯಾರು ಯಾವ ಬಾಗಿಲು ಹೊಕ್ಕರು ಎಂಬುದು ತಿಳಿಯದಿದ್ದರೆ ಚಹಾ ರುಚಿಸುವುದಿಲ್ಲ. ನಮ್ಮ ಕಡೆಯವರು ಮೊದಲೇ ತಮ್ಮ ಕಷ್ಟವನ್ನು ತಮ್ಮದು ಎಂದು ಹೇಳುವವರಲ್ಲ. ಮೆಡಿಕಲ್ ಅಂಗಡಿಯಲ್ಲಿ ಮೂಲವ್ಯಾಧಿಯ ಮಾತ್ರೆ ಕೇಳುವಾಗಲೂ “ಮನೆಯಲ್ಲಿ ಒಬ್ಬರಿಗೆ ಬೇಕಿತ್ತು” ಎನ್ನುತ್ತಾರೆ, ನಿಂತೇ ಚಹಾ ಕುಡಿಯುತ್ತಾರೆ. ಅಂಥವರು ಮನಸ್ಸಿಗೆ ಹುಷಾರಿಲ್ಲ ಎಂದು ಆ ಬಾಗಿಲು ಹೊಗುವುದುಂಟೇ? ನಾಜಿಯಾ ಖಾಲಿ ಕುರ್ಚಿಯ ಎದುರು ಕೂತು ಸಂಜೆ ಬಸ್ಸು ಹತ್ತಿದಳು. ಮುಂದಿನ ಮಂಗಳವಾರವೂ ಹಾಗೆಯೇ ಆಯಿತು.

ಕೋಣೆಯ ಪಕ್ಕದ ಅಂಗಳದಲ್ಲಿ, ಹಲಸಿನ ಮರದ ಕೆಳಗೆ, ಅದೇ ದಿನ ಡಾಕ್ಟರು ಪ್ರಾಣಿಗಳ ಶಿಬಿರ ನಡೆಸುತ್ತಿದ್ದರು. ಅಲ್ಲಿಗೆ ಮೂರನೆಯ ಮಂಗಳವಾರ ಆಡು ಹಿಡಿದುಕೊಂಡು ಬಂದವರು ಬಿಸ್ಮಿಲ್ಲಾ ಬಿ, ಅಂದರೆ ನನ್ನ ತಾಯಿ.

“ಬಕ್ರಿಗೆ ಹುಷಾರಿಲ್ಲ ಡಾಕ್ಟ್ರೆ,” ಎಂದರು. “ತಿನ್ನೋದು ಇಲ್ಲ, ಮಲಗೋದು ಇಲ್ಲ. ಸಂಜೆ ಆದ್ರೆ ಬಾಗಿಲಲ್ಲಿ ನಿಂತು ಗಲ್ಲಿ ಆಚೆ ನೋಡ್ತದೆ.”

ಆ ಆಡು ಹಿಂದಿನ ದಿನ ನನ್ನ ಅಂಗಿಯ ಅರ್ಧ ತೋಳು ತಿಂದಿತ್ತು. ನಾನು ಬಾಯಿ ತೆರೆಯುವಷ್ಟರಲ್ಲಿ ಅಮ್ಮಿ ನನ್ನ ಕಡೆ ನೋಡಿದ ನೋಟಕ್ಕೆ ಬಾಯಿ ತಾನಾಗಿ ಮುಚ್ಚಿಕೊಂಡಿತು.

“ಯಾವಾಗಿಂದ ಹೀಗೆ?” ಎಂದು ಡಾಕ್ಟರು ಆಡಿನ ಕಣ್ಣು ಬಿಡಿಸಿ ನೋಡಿದರು.

“ಮೊಮ್ಮಗಳ ಶಾದಿ ಆದಾಗಿಂದ.”

ನನ್ನ ತಂಗಿ ನಗ್ಮಾಳ ಮಗಳ ಮದುವೆಯಲ್ಲಿ, ಗಂಡಿನ ಕಡೆಯವರೆಲ್ಲ ಕೂತಿದ್ದಾಗ, ಬಿರಿಯಾನಿಗೆ ಉಪ್ಪು ಕಮ್ಮಿ ಎಂದು ಅಮ್ಮಿ ಹೇಳಿದ್ದರು. ಉಪ್ಪು ಕಮ್ಮಿಯಿದ್ದದ್ದು ನಿಜ. ನಗ್ಮಾ ಅವತ್ತಿನಿಂದ ಮಾತು ಬಿಟ್ಟಿದ್ದಳು. ಅವಳ ಮನೆ ನಮ್ಮ ಗಲ್ಲಿಯ ಆಚೆ ಬದಿಗೆ.

“ಇದಕ್ಕೆ ಒಂಟಿತನ,” ಎಂದು ಡಾಕ್ಟರು ತೀರ್ಪು ಕೊಟ್ಟರು. “ದಿನಾ ಸಂಜೆ ಇನ್ನೊಂದು ಆಡಿನ ಹತ್ತಿರ ಕಟ್ಟಿ.” ನಮ್ಮ ಗಲ್ಲಿಯಲ್ಲಿ ಇನ್ನೊಂದು ಆಡು ಇದ್ದದ್ದು ನಗ್ಮಾಳ ಹಿತ್ತಿಲಲ್ಲಿ ಮಾತ್ರ. ಡಾಕ್ಟರ ಮಾತು ಮೀರುವುದು ಹೇಗೆಂದು ಅಮ್ಮಿ ಅವತ್ತೇ ಸಂಜೆ ಆಡನ್ನು ಅಲ್ಲಿ ಕಟ್ಟಿ, ಬಟ್ಟೆ ಒಗೆಯುವ ಕಲ್ಲಿನ ಮೇಲೆ ಕೂತರು. ಸ್ವಲ್ಪ ಹೊತ್ತಿಗೆ ನಗ್ಮಾ ಹೊರಗೆ ಬಂದು ಆಡಿಗೆ ಹೇಳಿದಳು, “ನಿನ್ನ ಯಜಮಾನ್ತಿಗೆ ಚಹಾ ಬೇಕಾ ಕೇಳು.” ಅಮ್ಮಿ ಆಡಿಗೆ ಹೇಳಿದರು, “ಸಕ್ಕರೆ ಕಮ್ಮಿ ಹಾಕೋಕೆ ಹೇಳು.” ಅಲ್ಲಿಂದ ಮುಂದೆ ದಿನಾ ಅಷ್ಟೇ ಮಾತು. ಆಡು ಎರಡೂ ಮನೆಯ ಗಂಜಿ ಕುಡಿದು ಡೋಲಿನ ಹಾಗಾಯಿತು, ತಾಯಿ ಮಗಳು ಮಾತ್ರ ಸಕ್ಕರೆಯಿಂದ ಮುಂದೆ ಹೋಗಲಿಲ್ಲ.

ಮುಂದಿನ ವಾರ ಕಲ್ಲಯ್ಯ ಎತ್ತು ಹೊಡೆದುಕೊಂಡು ಬಂದ. ಕಲ್ಲಯ್ಯ ಸರ್ಕಾರಿ ಬಸ್ಸಿನ ಕಂಡಕ್ಟರಾಗಿದ್ದು ಆಗಷ್ಟೇ ನಿವೃತ್ತನಾದವನು.

“ಎತ್ತು ನಿದ್ದಿಗಣ್ಣಾಗ ಒದರ್ತೈತ್ರಿ ಡಾಕ್ಟರ.”

“ಏನಂತ ಒದರ್ತದೆ?”

ಕಲ್ಲಯ್ಯ ನೆಲ ನೋಡಿದ. “ಬನವಾಸಿ, ಬನವಾಸಿ, ಹಿಂದ ಸರೀರಿ, ಅಂತ ಒದರಿದಂಗ ಕೇಳಸ್ತೈತ್ರಿ. ಆಮ್ಯಾಲ ಎದ್ದು ಕೊಟ್ಟಿಗಿ ತುಂಬ ಓಡ್ಯಾಡತೈತಿ. ಬೆಳಕು ಹರದ್ರ ಹೋಗಾಕ ಎಲ್ಲೂ ಇಲ್ಲಲ್ರಿ ಅದಕ್ಕ.”

“ಇದನ್ನು ತಂದದ್ದು ಎಲ್ಲಿಂದ?”

“ಬನವಾಸಿ ಕಡೀದ ರೀ.”

“ಹಾಗಾದರೆ ಸರಿಯಾಯಿತಲ್ಲ. ದಿನಾ ಬೆಳಿಗ್ಗೆ ಬಸ್‌ಸ್ಟ್ಯಾಂಡಿಗೆ ಕರೆದುಕೊಂಡು ಹೋಗಿ ಆ ಕಡೆಯ ಬಸ್ಸು ತೋರಿಸು. ಚಕ್ರದಲ್ಲಿ ಅಂಟಿದ ಊರಿನ ಧೂಳನ್ನಾದರೂ ಮೂಸಲಿ.”

ಮರುದಿನದಿಂದ ಕಲ್ಲಯ್ಯ ಎತ್ತಿನ ಜೊತೆ ಬಸ್‌ಸ್ಟ್ಯಾಂಡಿನಲ್ಲಿ. ಎತ್ತು ವೇಳಾಪಟ್ಟಿಯ ಬೋರ್ಡಿನ ಕೆಳಗೆ ಮಲಗಿ ಮೆಲುಕು ಹಾಕುತ್ತಿತ್ತು. ಕಲ್ಲಯ್ಯ ಮುದುಕಿಯರಿಗೆ ಸೀಟು ಹಿಡಿಯುತ್ತಿದ್ದ, ಚಿಲ್ಲರೆ ಇಲ್ಲದವರನ್ನು ಬೈಯುತ್ತಿದ್ದ, ಬಾಗಿಲು ತಟ್ಟಿ ಬಸ್ಸು ಬಿಡಿಸುತ್ತಿದ್ದ. ಎತ್ತನ್ನು ಕೂಡಲೇ ತೆರವುಗೊಳಿಸಬೇಕು, ಕಲ್ಲಯ್ಯ ನಾಳೆಯೂ ಬಂದರೆ ಅಡ್ಡಿಯಿಲ್ಲ ಎಂದು ಕಂಟ್ರೋಲರು ಪಂಚಾಯ್ತಿಗೆ ದೂರು ಕೊಟ್ಟರು.

ಅನಂತರ ವಜ್ರಳ್ಳಿಯ ದುರ್ಗಿ ಎಮ್ಮೆ ತಂದಳು. ಜೊತೆಗೆ ಗಂಡ ಮಾಸ್ತಿಯೂ ಬಂದು, ಮರಕ್ಕೆ ಒರಗಿ ಮೊಬೈಲು ನೋಡುತ್ತ ನಿಂತ.

“ಎಮ್ಮೆ ಸೊರಗ್ತಾ ಅದೆ ಡಾಕ್ಟ್ರೆ. ಕೋಣ ಅದ್ರ ಜೊತೆ ಮಾತೇ ಆಡೂದಿಲ್ಲ. ಮೊದ್ಲು ಗದ್ದೆಗೆ ಹೋಗೂವಾಗ ಇಬ್ರೂ ಜೊತೆಗೇ ಹೋಗ್ತಿದ್ರು. ಈಗ ಮೂಲೇಲಿ ಕೂತು, ತಲೆ ತಗ್ಗಿಸಿ, ಬರೀ ಅಂಗೈ ನೋಡ್ಕಂಡಿರ್ತದೆ.”

“ಕೋಣಕ್ಕೆ ಅಂಗೈ ಎಲ್ಲಿಯದು?”

“ಗೊರಸು ಡಾಕ್ಟ್ರೆ, ಗೊರಸು.”

ಡಾಕ್ಟರು ಗೊರಸಿನ ಹುಣ್ಣಿಗೆ ಮುಲಾಮು ಬರೆದುಕೊಟ್ಟರು. ಜೊತೆಗೆ, ಎರಡನ್ನೂ ದಿನಾ ಸ್ವಲ್ಪ ಹೊತ್ತು ಒಟ್ಟಿಗೆ ಹೊಳೆಗೆ ಬಿಡಬೇಕು ಎಂದರು. ಮಾಸ್ತಿ ಮೊಬೈಲಿನಿಂದ ತಲೆ ಎತ್ತಿ ಹೆಂಡತಿಯ ಮುಖ ನೋಡಿದ. ಅವರ ಮನೆಯಲ್ಲಿ ಕೋಣ ಇರಲಿಲ್ಲ.

ನಾಜಿಯಾಗೆ ವಿಷಯ ಮೊದಲ ದಿನವೇ ತಿಳಿದುಹೋಯಿತು. ಅವಳು ತನ್ನ ಕುರ್ಚಿ ಎತ್ತಿಕೊಂಡು ಹಲಸಿನ ಮರದ ಕೆಳಗೇ ಬಂದು, ಸರದಿ ಕಾಯುವವರ ಪಕ್ಕ ಕೂತು, “ಆಮೇಲೆ ಎಮ್ಮೆ ಏನು ಮಾಡ್ತು?” ಎಂದು ಮೆಲ್ಲಗೆ ಕೇಳತೊಡಗಿದಳು. ಊರಿಗೆ ಒಂದು ವಾರದಲ್ಲಿ ತಿಳಿಯಿತು. ತಿಳಿಯದೆ ಉಳಿದವರು ಡಾಕ್ಟರು ಒಬ್ಬರೇ. ದನಗಳು ತುಂಬಿದ ಅಂಗಳದಲ್ಲಿ ಅವರು ಹಳೆಯ ಅಂಗಿ ತೊಟ್ಟು, ತೋಳು ಮಡಚಿ, ಒಂದರ ಹೊಟ್ಟೆಗೆ ಕಿವಿ ಹಚ್ಚಿ ಇನ್ನೊಂದರ ಬಾಲ ಎತ್ತಿ ಓಡಾಡುತ್ತಿದ್ದರು. ಒಂದು ದಿನ ಓಮ್ನಿಯಲ್ಲಿ ಹೇಳಿಬಿಡೋಣ ಎಂದು ಶುರು ಮಾಡಿದೆ.

“ಡಾಕ್ಟ್ರೆ, ಕಲ್ಲಯ್ಯನ ಎತ್ತು ಬನವಾಸಿ ಅಂತ ಕೂಗೋದು ಇದೆಯಲ್ಲ...”

“ಅದಕ್ಕೆ ಹುಟ್ಟಿದೂರಿನ ನೆನಪು, ಪಾಪ. ಪ್ರಾಣಿಗೂ ಮನಸ್ಸಿದ್ದು ಹೇಳಿ ಆನು ಎಷ್ಟು ವರ್ಷದಿಂದ ಹೇಳ್ತಾ ಇದ್ದೆ. ಯಾರೂ ನಂಬಿದ್ವಿಲ್ಲೆ.” ಹಾಗೆಂದು ಅವರು ಕಿಟಕಿಯ ಕಡೆ ತಿರುಗಿ ಒಂದು ಹಳೇ ಹಾಡು ಗುನುಗಿದರು. ಅಕ್ಕ ಹೋದ ಮೇಲೆ ಅವರ ಬಾಯಲ್ಲಿ ಹಾಡು ಕೇಳಿರಲಿಲ್ಲ. ನಾನು ಗೇರು ಬದಲಿಸಿ ಸುಮ್ಮನಾದೆ.

ಸುಮ್ಮನಾಗಬಾರದಿತ್ತೋ ಏನೋ. ಡಾಕ್ಟರು ಪತ್ರಿಕೆಯವರನ್ನು ಕರೆದು, ತಾಲೂಕಿನ ದನಗಳಲ್ಲಿ ಬೇಸರದ ಕಾಯಿಲೆ ಸಾಂಕ್ರಾಮಿಕವಾಗಿ ಹರಡುತ್ತಿದೆ ಎಂದು ಹೇಳಿಕೆ ಕೊಟ್ಟರು. ಮರುದಿನ ಶಿರಸಿಯಲ್ಲೆಲ್ಲ ಅದೇ ಸುದ್ದಿ. ಸಿದ್ದಾಪುರದಿಂದ ಜನ ಗಾಡಿ ಮಾಡಿಕೊಂಡು ದನ ತಂದರು. ದನ ಇಲ್ಲದವರು ನಾಯಿ ತಂದರು. ಒಬ್ಬ ಮೇಷ್ಟರು ಪಂಜರದಲ್ಲಿ ಗಿಳಿ ತಂದು, ಇದಕ್ಕೆ ಹೇಳಿದ್ದನ್ನೇ ಹೇಳುವ ಬೇಸರ ಬಂದಿದೆ ಎಂದರು. ಕೆಲವರು ಮೊಬೈಲ್ ಟವರನ್ನು ದೂರಿದರು, ಕೆಲವರು ಹೆದ್ದಾರಿಯ ಲಾರಿಗಳನ್ನು. ಇದೆಲ್ಲ ಅಧ್ಯಕ್ಷರ ಚರಂಡಿಯ ಫಲ ಎಂದಿತು ವಿರೋಧ ಪಕ್ಷ. ಡೈರಿಯ ಅಧಿಕಾರಿಯೊಬ್ಬರು ಬೆವರು ಒರೆಸಿಕೊಳ್ಳುತ್ತ ಬಂದು, ಬೇಸರದ ದನದ ಹಾಲು ಕುಡಿದರೆ ಗಿರಾಕಿಗೂ ಬೇಸರ ಬರುತ್ತದೆಯೇ ಎಂದು ವಿಚಾರಿಸಿದರು. ಕಾಯಿಸಿ ಕುಡಿದರೆ ಭಯವಿಲ್ಲ ಎಂದು ಡಾಕ್ಟರು ಸಮಾಧಾನ ಮಾಡಿ ಕಳಿಸಿದರು.

ಕೊನೆಗೆ ರಾಜಧಾನಿಯಿಂದಲೇ ಒಬ್ಬ ದೊಡ್ಡ ತಜ್ಞರು ಬರುವುದೆಂದಾಯಿತು. ಅವರ ಜೊತೆ ಜಿಲ್ಲೆಯ ಅಧಿಕಾರಿಯೂ ಬರುತ್ತಾರೆ, ನಾಜಿಯಾಳ ಕೋಣೆಗೆ ಇವತ್ತಿನವರೆಗೆ ಒಬ್ಬ ಮನುಷ್ಯನೂ ಕಾಲಿಟ್ಟಿಲ್ಲವಾದ್ದರಿಂದ ಅದನ್ನು ಅವತ್ತೇ ಮುಚ್ಚಿಸುತ್ತಾರೆ ಎಂಬ ಸುದ್ದಿಯೂ ಬಂತು. ಅಮ್ಮಿ ಅದನ್ನು ಕೇಳಿ ಚಹಾದ ಲೋಟ ಕೆಳಗಿಟ್ಟರು. “ಆ ಹುಡುಗಿ ಹೋದ್ರೆ ಬಕ್ರಿ ಎಲ್ಲಿಗೆ ಹೋಗ್ಬೇಕು ಮುನಾಫ್?” ಎಂದರು.

ಆ ಮಂಗಳವಾರ ಅಂಗಳದಲ್ಲಿ ಕಾಲಿಡಲು ಜಾಗವಿರಲಿಲ್ಲ. ತಜ್ಞರು ಕೈಗೆ ಬಿಳಿ ಕವಚ ಹಾಕಿಕೊಂಡು ಒಂದೊಂದೇ ಪ್ರಾಣಿಯನ್ನು ನೋಡಿದರು. ರಕ್ತ ತೆಗೆದರು, ನಾಲಿಗೆ ಎಳೆದರು, ಸಗಣಿಯನ್ನು ಬೆಳಕಿಗೆ ಹಿಡಿದರು. ಡಾಕ್ಟರು ಅವರ ಹಿಂದೆ ಹಿಂದೆಯೇ, ಪರೀಕ್ಷೆ ಬರೆದ ಮಗನ ತಂದೆಯ ಹಾಗೆ, ಓಡಾಡಿದರು. ಅಮ್ಮಿಯ ಆಡು ಸರದಿ ಕಾಯುವಷ್ಟರಲ್ಲಿ ಸ್ವಾಗತದ ಬಾಳೆಕಂಬವನ್ನು ಅರ್ಧ ಮುಗಿಸಿತ್ತು.

“ಮೇವು ಬಿಟ್ಟಿರುವ ಆಡು ಇದೇ ಏನು?” ಎಂದು ತಜ್ಞರು ಕೇಳಿದರು.

ತಜ್ಞರು ಕೈಕವಚ ಕಳಚಿದರು. “ಇಲ್ಲಿರುವ ಯಾವ ಪ್ರಾಣಿಗೂ ಯಾವ ಕಾಯಿಲೆಯೂ ಇಲ್ಲ. ಹಾಗಿದ್ದರೆ ನಿದ್ದೆ ಬಿಟ್ಟಿದೆ, ಊಟ ಬಿಟ್ಟಿದೆ ಎಂದು ಹೇಳಿದವರು ಯಾರು? ಸರ್ಕಾರದ ಔಷಧಿಗಾಗಿ ಜನ ಸುಳ್ಳು ಹೇಳಿದ್ದರೆ ಅವರ ಮೇಲೆ ಕ್ರಮ ಆಗುತ್ತದೆ. ಹೇಳಿಲ್ಲವೆಂದರೆ, ಅಧ್ಯಕ್ಷರೇ, ನಿಮ್ಮ ವಿದ್ಯೆಯ ಬಗ್ಗೆ ನಾನು ಬರೆಯಬೇಕಾಗುತ್ತದೆ.”

ಡಾಕ್ಟರ ಮುಖ ಕೆಂಪಾಯಿತು. “ಕಲ್ಲಯ್ಯ, ಹೇಳು ಇವರಿಗೆ. ನಿನ್ನ ಎತ್ತು ಬನವಾಸಿ ಎಂದು ಕೂಗುವುದು ಹೌದೋ ಅಲ್ಲವೋ?”

ಕಲ್ಲಯ್ಯ ಎತ್ತಿನ ಬೆನ್ನ ಮೇಲೆ ಕೈಯಿಟ್ಟು ನಿಂತಿದ್ದ. “ಎತ್ತು ಕೂಗಂಗಿಲ್ರಿ,” ಎಂದ.

“ಮತ್ತೆ ಕೂಗುವುದು ಯಾರು?”

ಕಲ್ಲಯ್ಯ ಟವೆಲಿನಿಂದ ಮುಖ ಮುಚ್ಚಿಕೊಂಡ. ಡಾಕ್ಟರು ಅವನನ್ನು ನೋಡಿದರು. ಆಮೇಲೆ ನನ್ನ ತಾಯಿಯನ್ನು ನೋಡಿದರು, ಅಮ್ಮಿ ಸೆರಗು ಮುಂದಕ್ಕೆ ಎಳೆದುಕೊಂಡರು. ದುರ್ಗಿಯನ್ನು ನೋಡಿದರು, ಮೇಷ್ಟರ ಗಿಳಿಯನ್ನು ನೋಡಿದರು. ಇಡೀ ಊರಿಗೆ ಒಂದು ವಾರ ಹಿಡಿದದ್ದು ಅವರಿಗೆ ಆ ಒಂದು ಸುತ್ತಿನಲ್ಲಿ ತಿಳಿಯಿತು. ಹಾಲಿನ ಕ್ಯಾನೊಂದು ಬೋರಲು ಬಿದ್ದಿತ್ತು, ಅದರ ಮೇಲೆ ಕೂತುಬಿಟ್ಟರು.

“ಕೂಗುವುದು ಯಾರೆಂದು ನಾನೂ ಕೇಳುತ್ತಿದ್ದೇನೆ,” ಎಂದರು ತಜ್ಞರು.

ನಿಜ ಹೇಳಿದರೆ ಡಾಕ್ಟರ ವಿದ್ಯೆಯೂ ಉಳಿಯುತ್ತಿತ್ತು, ನಾಜಿಯಾಳ ಕೋಣೆಯೂ ಉಳಿಯುತ್ತಿತ್ತು. ಆದರೆ ಅಲ್ಲಿದ್ದ ಒಬ್ಬೊಬ್ಬರ ಮನೆಯ ಒಳಗಿನದ್ದನ್ನೂ ಚಹಾದ ಅಂಗಡಿಯ ಎದುರು ಹರಡಿದ ಹಾಗಾಗುತ್ತಿತ್ತು. ಡಾಕ್ಟರು ಎದ್ದು ನಿಂತರು.

“ನಾನು,” ಎಂದರು.

“ನೀವು ಬನವಾಸಿಯವರೇ?” ಎಂದು ಜಿಲ್ಲೆಯ ಅಧಿಕಾರಿ ಗಾಬರಿಯಿಂದ ಕೇಳಿದರು.

“ಅಲ್ಲ. ಆದರೆ ಇವರು ಯಾರೂ ಸುಳ್ಳು ಹೇಳಿಲ್ಲ. ನಿದ್ದೆ ಬಾರದಿರುವುದು, ಊಟ ಸೇರದಿರುವುದು, ಸಂಜೆ ಬಾಗಿಲಲ್ಲಿ ನಿಂತು ದಾರಿ ನೋಡುವುದು, ಎಲ್ಲವೂ ನನಗೇ ಇದೆ. ನನ್ನದನ್ನು ಈ ದನಗಳ ಮೇಲೆ ಹೊರಿಸಿದೆ. ಕಾಯಿಲೆಯ ಮನುಷ್ಯ ನಾನು, ಹಾಗೆಂದೇ ಬರೆದುಕೊಳ್ಳಿ.”

ಅಬ್ಬಾ, ಇವರು ಕೊನೆಗೂ ರಾಜಕೀಯ ಕಲಿತರು ಎಂದು ನಾನು ಮನಸ್ಸಿನಲ್ಲೇ ಶಹಬ್ಬಾಸ್ ಹೇಳಿದೆ. ಎಲ್ಲರನ್ನೂ ಒಂದೇ ಮಾತಿನಲ್ಲಿ ಬಿಡಿಸಿಕೊಂಡಿದ್ದರು. ಜನರೂ ಹಾಗೆಯೇ ತಿಳಿದು ಉಸಿರು ಬಿಟ್ಟರು. ಅಲ್ಲಿಗೆ ನಿಲ್ಲಿಸಿದ್ದರೆ ಮುಗಿದಿತ್ತು. ಡಾಕ್ಟರು ನಿಲ್ಲಿಸಲಿಲ್ಲ. ಸಭೆಯ ಭಾಷೆ ಅವರ ಬಾಯಿಂದ ಜಾರಿ ಮನೆಯ ಭಾಷೆ ಬಂತು.

“ಅನ್ನ ಮಾಡ್ತೆ, ಬಡಿಸ್ಕಂಡು ಕೂತ್ರೆ ಉಂಬಲೆ ಆಗ್ತಿಲ್ಲೆ. ಬೆಳಗಾಪಲೆ ಮುಂಚೆ ಎಚ್ಚರಾಗ್ತು. ಅಂಗಿ ಹಾಕ್ಕಂಡು, ಬೂಟು ಹಾಕ್ಕಂಡು, ಜಗಲಿ ಮೇಲೆ ಕೂತಿರ್ತೆ. ಎಲ್ಲಿಗೆ ಹೋಪದು ಹೇಳಿ ಹೇಳುವವ್ವು ಯಾರೂ ಇಲ್ಲೆ.”

ಅಂಗಳದಲ್ಲಿ ದನಗಳು ಮೆಲುಕು ಹಾಕುತ್ತಿದ್ದವು. ನನಗೆ ಕಣ್ಣು ತುಂಬಿ ಬಂತು, ಎದುರಿನ ಬೆಂಚಿನವರು ನೋಡಿದರೆ ನೋಡಲಿ ಎಂದು ಒರೆಸಿಕೊಳ್ಳದೆ ನಿಂತೆ. ನಾಜಿಯಾ ಬಂದು ಡಾಕ್ಟರ ಮೊಣಕೈ ಹಿಡಿದಳು. ಊರೆಲ್ಲ ನೋಡುತ್ತಿದ್ದ ಹಾಗೆಯೇ ಅಧ್ಯಕ್ಷರು ಆ ಕೋಣೆಯ ಮೆಟ್ಟಿಲು ಹತ್ತಿ, ಯಾರೂ ಕೂರದ ಆ ಕುರ್ಚಿಯಲ್ಲಿ ಕೂತರು.

“ಬಾಗಿಲು ಹಾಕಲಾ?” ಎಂದು ನಾಜಿಯಾ ಕೇಳಿದಳು.

“ಬೇಡ, ತೆಗೆದೇ ಇರಲಿ.”

“ನಿಮಗೆ ಹೇಳುವವರು ಯಾರಿದ್ದರು ಡಾಕ್ಟ್ರೆ? ಹೆಸರೇನು ಅವರದು?”

ಡಾಕ್ಟರು ಬಾಯಿ ತೆರೆದು ಮುಚ್ಚಿದರು. ಅವರ ಮನೆತನದ ಗಂಡಸರು ಹೆಂಡತಿಯ ಹೆಸರು ಹಿಡಿದು ಕರೆಯುವುದಿಲ್ಲ. ಇಷ್ಟು ವರ್ಷ ನನ್ನ ಗಾಡಿಯಲ್ಲಿ ಓಡಾಡಿದ ಮನುಷ್ಯ, ‘ಮನೇಲಿ ಹೇಳ್ತು’, ‘ಒಳಗೆ ಕೇಳಕ್ಕು’ ಎಂದದ್ದಲ್ಲದೆ ಅಕ್ಕನ ಹೆಸರು ಎತ್ತಿದ್ದನ್ನು ನಾನು ಕೇಳಿಲ್ಲ. ಅಕ್ಕನ ಎದುರಿಗೂ ಎತ್ತಿರಲಿಕ್ಕಿಲ್ಲ.

“ಭಾಗೀರಥಿ,” ಎಂದರು.

ಹೊರಗೆ ಅಮ್ಮಿ ಸೆರಗು ಸರಿಮಾಡಿಕೊಂಡು, ಆಡಿನ ಹಗ್ಗವನ್ನು ರಾಜಧಾನಿಯ ತಜ್ಞರ ಕೈಯಲ್ಲಿಟ್ಟರು. “ಸ್ವಲ್ಪ ಹಿಡ್ಕೊಳ್ಳಿ ಸಾಹೇಬ್ರೆ, ನಂದು ಹೊತ್ತಾಗ್ತದೆ” ಎಂದು ಹೇಳಿ, ಹೋಗಿ ಮೆಟ್ಟಿಲ ಮೇಲೆ ಸರದಿಗೆ ಕೂತರು. ಕಲ್ಲಯ್ಯ ಎತ್ತನ್ನು ಮರಕ್ಕೆ ಕಟ್ಟಿ ಅವರ ಹಿಂದೆ ಕೂತ. ದುರ್ಗಿ ಬಂದಳು. ಮಾಸ್ತಿ ಮೊಬೈಲನ್ನು ಜೇಬಿಗೆ ಹಾಕಿ ಅವಳ ಪಕ್ಕ ಬಂದು ನಿಂತ. ಚಹಾದ ಅಂಗಡಿಯ ಬೆಂಚಿನಿಂದಲೂ ಒಬ್ಬ ಎದ್ದು, ಆಚೀಚೆ ನೋಡಿ, ರಸ್ತೆ ದಾಟಿದ.

ಜಿಲ್ಲೆಯ ಅಧಿಕಾರಿ ಗಡಿಯಾರ ನೋಡಿಕೊಂಡು, “ಒಳಗಿನವರದು ಇನ್ನೂ ತಡವೇ?” ಎಂದು ನನ್ನನ್ನು ಕೇಳಿದರು.

ಒಳಗೆ ಡಾಕ್ಟರು ಅದೇ ಹೆಸರನ್ನು ಇನ್ನೊಮ್ಮೆ ಹೇಳಿದರು. ಈ ಸಲ ಸ್ವಲ್ಪ ಗಟ್ಟಿಯಾಗಿ, ಅಡುಗೆಮನೆಗೆ ಕೇಳಿಸಲಿ ಎಂಬಂತೆ. ಹೇಳಿ, ಉತ್ತರಕ್ಕೆ ಕಾಯುವವರಂತೆ ಸುಮ್ಮನೆ ಕೂತರು. ಮೆಟ್ಟಿಲ ಮೇಲೆ ಸರದಿಯಲ್ಲಿದ್ದವರು ಯಾರೂ ಅವಸರ ಮಾಡಲಿಲ್ಲ.